ಸಂಘದ ಸೈಟಿನ ಶೆಡ್: ಯಾರೂ ಆ ಬೀಗ ಮುಟ್ಟಬೇಡಿ

ಕಾರ್ಯದರ್ಶಿ, ಭಾನುವಾರ ಬೆಳಿಗ್ಗೆ 7:12
ಎಲ್ಲರ ಗಮನಕ್ಕೆ. ಸಮುದಾಯ ಭವನಕ್ಕೆ ಅಂತ ಇಟ್ಟುಕೊಂಡಿರೋ ನಮ್ಮ ಸಂಘದ ಸೈಟಿನಲ್ಲಿ ರಾತ್ರೋರಾತ್ರಿ ತಗಡಿನ ಶೆಡ್ ಎದ್ದಿದೆ. ನಮ್ಮ ಗೇಟಿನ ಬೀಗ ಒಡೆದು ಅವರದೊಂದು ಹೊಸ ಬೀಗ ಜಡಿದಿದ್ದಾರೆ. ಸೈಟಿಗೆ ಜಿಪಿಎ (ಮಾಲೀಕರ ಪರ ವ್ಯವಹರಿಸೋ ಅಧಿಕಾರ ಪತ್ರ) ಇದೆ ಅಂತ ಓಡಾಡ್ತಿದ್ದರಲ್ಲ, ಅವರದೇ ಕೆಲಸ. ಅವರ ಮೇಲೆ ಕೋರ್ಟಿಂದ ನಮಗೆ ತಡೆಯಾಜ್ಞೆ ಸಿಕ್ಕಿ ಇನ್ನೂ ಇಪ್ಪತ್ತು ದಿನ ಆಗಿಲ್ಲ.

ಮನೆ ನಂ. 31, 7:15
ನಿನ್ನೆ ಎರಡನೇ ಶನಿವಾರ, ಇವತ್ತು ಭಾನುವಾರ. ಕೋರ್ಟಿನ ರಜ ನೋಡ್ಕೊಂಡೇ ಕೈ ಹಾಕಿದ್ದಾರೆ.

ಮನೆ ನಂ. 8, 7:18
ಆರ್ಡರ್ ಕಾಪಿ ಇದೆ ತಾನೆ? ಸ್ಟೇಷನ್ನಿಗೆ ಕೊಟ್ಟರೆ ಆಯ್ತಲ್ಲ.

ಕಾರ್ಯದರ್ಶಿ, 7:21
ಆರು ಗಂಟೆಗೇ ಹೋಗಿಬಂದ್ವಿ ಸಾರ್. ‘ಇದು ಸಿವಿಲ್ ಮ್ಯಾಟರ್, ಕೋರ್ಟಲ್ಲೇ ನೋಡ್ಕೊಳ್ಳಿ’ ಅಂದ್ರು. ಹಾಗಂತ ಹಿಂಬರಹ (ದೂರಿಗೆ ಲಿಖಿತ ಉತ್ತರ) ಕೊಡ್ತಾರಂತೆ.

ಮನೆ ನಂ. 14, 7:22
ನಾವೇ ನಲವತ್ತು ಜನ ಹೋಗಿ ತಗಡು ಕಿತ್ತು ಬಿಸಾಕೋಣ. ನನ್ನ ಭಾವಮೈದನ ಹತ್ರ ಜೆಸಿಬಿ ಇದೆ.

ಶಿರಸ್ತೇದಾರ್ (ಕೋರ್ಟ್ ಕಚೇರಿ, ನಿವೃತ್ತ), 2ನೇ ಕ್ರಾಸ್, 7:40
ಬೇಡಪ್ಪಾ, ಕೈ ಮುಗೀತೀನಿ. ಜೆಸಿಬಿ ಒಳಗೆ ಹೋದ ಗಳಿಗೆಗೆ ಕೇಸು ತಿರುಗಿಬೀಳುತ್ತೆ. ಈಗ ಬೀಗ ಒಡೆದವರು ಅವರು. ಆಮೇಲೆ ತಗಡು ಕಿತ್ತವರು ನಾವು. ಎರಡೂ ಕಡೆಗೆ ಒಂದೊಂದು ಎಫ್‌ಐಆರ್ ಹಾಕಿದರೆ ಸ್ಟೇಷನ್ನಿನವರ ಕೆಲಸ ಮುಗೀತು.

ಹಾಗಂತ ಸ್ಟೇಷನ್ನಿನವರನ್ನ ಸಮರ್ಥನೆ ಮಾಡ್ತಿಲ್ಲ. ಬೀಗ ಒಡೆದು ನುಗ್ಗಿರೋದು ಅಪರಾಧ, ಅದಕ್ಕೆ ‘ಸಿವಿಲ್’ ಅನ್ನೋ ನೆಪ ಸಲ್ಲ. ಆ ದೂರನ್ನ ಬೇರೆಯಾಗೇ ಬರೆದುಕೊಡಿ, ಹಿಂಬರಹವನ್ನೂ ಬಿಡದೆ ಇಸ್ಕೊಳ್ಳಿ, ಕೋರ್ಟಲ್ಲಿ ತೋರಿಸೋಕೆ ಬೇಕು. ಆದರೆ ಶೆಡ್ ತೆಗೆಸಿ ನಮ್ಮನ್ನ ಮತ್ತೆ ಒಳಗೆ ಬಿಡೋ ಅಧಿಕಾರ ಪೊಲೀಸರಿಗೆ ಸ್ವಂತದ್ದಲ್ಲ. ನಮ್ಮ ಆದೇಶ ಓದಿ ನೋಡಿ. ‘ಪ್ರತಿವಾದಿಯು ವಾದಿಯ ಸ್ವಾಧೀನಕ್ಕೆ ಅಡ್ಡಿಪಡಿಸಕೂಡದು.’ ಅಷ್ಟೇ. ಪೊಲೀಸರಿಗೆ ಅಂತ ಅದರಲ್ಲಿ ಒಂದಕ್ಷರ ಇಲ್ಲ.

ನಾಳೆ ಬೆಳಿಗ್ಗೆಯೇ ವಕೀಲರು ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) 151ರ ಕೆಳಗೆ ಐಎ (ಮಧ್ಯಂತರ ಅರ್ಜಿ) ಹಾಕಿ ಪೊಲೀಸ್ ನೆರವು ಕೇಳಲಿ. ಜತೆಗೆ ಅದೇ ಸಿಪಿಸಿಯ ಆರ್ಡರ್ 39 ರೂಲ್ 2ಎ. ತಡೆಯಾಜ್ಞೆ ಮೀರಿದ್ದು ಸಾಬೀತಾದರೆ ಆಸ್ತಿ ಜಪ್ತಿ ಮಾಡಿಸಬಹುದು, ಮೂರು ತಿಂಗಳವರೆಗೆ ಸಿವಿಲ್ ಜೈಲಿಗೂ ಕಳಿಸಬಹುದು. ಶೆಡ್ ತೆಗೆಸಿ ಮೊದಲಿದ್ದ ಹಾಗೇ ಮಾಡಿಸಿ ಅಂತಲೂ ಬಾಯಿಬಿಟ್ಟು ಕೇಳಬೇಕು. ಕೇಳದೇ ಇದ್ದದ್ದನ್ನ ಕೋರ್ಟು ಕೊಡಲ್ಲ.

ಇನ್ನು ನನಗೆ ನಿಜವಾದ ಭಯ ಷೆಡ್ಯೂಲಿನದ್ದು, ಅಂದರೆ ದಾವೆಯಲ್ಲಿ ಕೊಟ್ಟಿರೋ ಸೈಟಿನ ವಿವರದ್ದು. ನಾಲ್ಕು ದಿಕ್ಕಿನ ಗಡಿ ಹೇಳೋ ಚಕ್ಕುಬಂದಿಯಲ್ಲಿ ‘ಪೂರ್ವಕ್ಕೆ: ಖಾಲಿ ನಿವೇಶನ’ ಅಂತಿದೆ. ಅಲ್ಲಿ ಈಗ ಮೂರಂತಸ್ತಿನ ಮನೆ! ಬಂದೋಬಸ್ತಿಗೆ ಬಂದ ಎಸ್‌ಐ ಕಾಗದ ಹಿಡ್ಕೊಂಡು ‘ಇದರಲ್ಲಿ ಯಾವುದು ಸ್ವಾಮಿ ನಿಮ್ಮ ಸೈಟು?’ ಅಂದರೆ ಜೀಪು ಬಂದ ದಾರೀಲೇ ವಾಪಸ್. ಇಂಥ ಒಂದು ಸಾಲಿನ ದೆಸೆಯಿಂದ ಕೋರ್ಟಿನ ಆದೇಶ ಜಾರಿಗೆ ಹೋದ ಅಮೀನರು ವಾರಂಟನ್ನ ಹಾಗೇ ಹಿಂದಕ್ಕೆ ತಂದು ನನ್ನ ಟೇಬಲ್ ಮೇಲೆ ಇಟ್ಟಿದ್ದು ಎಷ್ಟು ಸಲವೋ. ಷೆಡ್ಯೂಲ್ ತಿದ್ದುಪಡಿಗೆ ಹಾಕಿಸಿ, ಸ್ಥಳ ಪರಿಶೀಲನೆಗೆ ಕೋರ್ಟ್ ಕಮಿಷನರ್ ನೇಮಕಾನೂ ಕೇಳಿ. ಆರ್ಡರ್ 26 ರೂಲ್ 9.

ಮನೆ ನಂ. 31, 7:58
ಅವರು ತಡೆಯಾಜ್ಞೆ ವಿಷಯ ಗೊತ್ತೇ ಇಲ್ಲ ಅಂತ ಹೇಳ್ಕೊಂಡು ತಿರುಗ್ತಿದ್ದಾರೆ.

ಕಾರ್ಯದರ್ಶಿ, 8:01
ಆದೇಶ ಆದ ಮಾರನೇ ದಿನವೇ ಅವರಿಗೆ ಪ್ರತಿಯನ್ನ ರಿಜಿಸ್ಟ್ರೇಷನ್ ಸಮೇತ ಸ್ಪೀಡ್ ಪೋಸ್ಟ್ ಮಾಡಿ, ಕಳಿಸಿದ್ದೀವಿ ಅಂತ ಕೋರ್ಟಿಗೆ ಅಫಿಡವಿಟ್ ಹಾಕಿದ್ದೀವಿ. ರಸೀದಿ ಫೈಲಲ್ಲಿದೆ.

ಶಿರಸ್ತೇದಾರ್, 8:02
ಅದು ಜೋಪಾನ.

ಮನೆ ನಂ. 22, 8:10
ಶಿರಸ್ತೇದಾರ್ ಸಾರ್, ಗೆದ್ದ ಮೇಲೂ ಇದೇ ಗೋಳಾ? ನಮ್ಮ ಭಾವನವರಿಗೆ ಊರಲ್ಲಿ ಮನೆ ಸ್ವಾಧೀನಕ್ಕೆ ಡಿಕ್ರಿ (ಕೋರ್ಟಿನ ತೀರ್ಪು) ಆಗಿ ಹನ್ನೊಂದು ವರ್ಷ ಆಯ್ತು. ಕಾಗದ ಟ್ರಂಕಿನಲ್ಲಿದೆ, ಮನೇಲಿ ಸೋತ ಪಾರ್ಟಿಯವರೇ ಇದ್ದಾರೆ.

ಶಿರಸ್ತೇದಾರ್, 8:16
ಹನ್ನೊಂದಾ? ಅಮ್ಮಾ, ಸ್ವಾಧೀನದ ಡಿಕ್ರಿಗೆ ಅಮಲ್ಜಾರಿ (ಜಾರಿ ಮಾಡಿಸೋ ಅರ್ಜಿ) ಹಾಕೋಕೆ ಇರೋದು ಹನ್ನೆರಡೇ ವರ್ಷ. ಟ್ರಂಕಿಂದ ತೆಗೆದು ನಾಳೆಯೇ ವಕೀಲರ ಹತ್ರ ಕಳಿಸಿ. ಅಮಲ್ಜಾರಿ ಅರ್ಜಿ ಆರು ತಿಂಗಳಲ್ಲಿ ಇತ್ಯರ್ಥ ಆಗಬೇಕು, ಅಗತ್ಯ ಬಿದ್ದರೆ ಪೊಲೀಸ್ ನೆರವಿಗೆ ಆದೇಶ ಕೊಡಬಹುದು ಅಂತ 2021ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಅದು ಬೆಂಗಳೂರಿನ ಮೈಸೂರು ರಸ್ತೆ ಕಡೆಯ ಜಮೀನಿನದೇ ವ್ಯಾಜ್ಯ. ಆರು ತಿಂಗಳಲ್ಲಿ ಮುಗಿದಿದ್ದು ನಾನಂತೂ ಅಪರೂಪಕ್ಕೆ ನೋಡಿದ್ದು, ಆದರೂ ಅರ್ಜಿಯಲ್ಲಿ ಬರೆಸಿ.

ಮನೆ ನಂ. 14, 8:20
ಸರಿ ಸಾರ್, ಜೆಸಿಬಿ ಬೇಡ. ನಾವು ಮಾಡೋದೇನು ಹೇಳಿ.

ಶಿರಸ್ತೇದಾರ್, 8:27
ಮೊನ್ನೆಯವರೆಗೂ ಸೈಟು ನಮ್ಮ ಕೈಲಿತ್ತು ಅಂತ ತೋರಿಸೋ ಫೋಟೋ ಹುಡುಕಿ. ಗಣೇಶನ ಪೆಂಡಾಲು, ಮಕ್ಕಳ ಕ್ರಿಕೆಟ್, ಏನಾದರೂ. ಇಲ್ಲಿಗೆ ಫಾರ್ವರ್ಡ್ ಮಾಡಿದ್ದು ಉಪಯೋಗಕ್ಕೆ ಬರಲ್ಲ. ಯಾರ ಫೋನಲ್ಲಿ ತೆಗೆದರೋ ಅವರು ಆ ಫೋನಿನ ಸಮೇತ ಸಂಜೆ ನಮ್ಮನೆಗೆ ಬನ್ನಿ. ಫೋನಿನ ಫೋಟೋ ಕೋರ್ಟಿಗೆ ಕೊಡೋಕೆ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ ಪ್ರಕಾರ ಸರ್ಟಿಫಿಕೇಟ್ ಬೇಕು. ಶೆಡ್ಡನ್ನ ರಸ್ತೆಯಿಂದಲೇ ತೆಗೀರಿ, ಗೇಟು ದಾಟಬೇಡಿ. ಬಾಯಿ ಮಾಡಿದರೆ ಉತ್ತರ ಕೊಡಬೇಡಿ. ಹೊಡೆಯೋಕೆ ಬಂದರೆ 112.

ಮನೆ ನಂ. 8, 8:41
ನನ್ನ ಹತ್ರ ಹೋದ ತಿಂಗಳದ್ದಿದೆ. ಸಂಘದ ಬೋರ್ಡು, ನಮ್ಮ ಹಳೇ ಬೀಗ ಎರಡೂ ಸ್ಪಷ್ಟವಾಗಿ ಕಾಣುತ್ತೆ. ಆದರೆ ಒಳಗೆ ಮಾವಿನ ಗಿಡದ ಕೆಳಗೆ ಯಾರದೋ ಕೆಂಪು ಸ್ಕೂಟರ್ ನಿಂತಿದೆ. ತೊಂದರೆನಾ?

ಮನೆ ನಂ. 14, 8:43
ಅದು ನಂದೇ ಸಾರ್. ನೆರಳಿಗೆ ಅಂತ ನಿಲ್ಲಿಸ್ತಿದ್ದೆ. ಕಾರ್ಯದರ್ಶಿಯವರ ಹತ್ರಾನೇ ಕೀ ಇಸ್ಕೊಂಡು.

ಶಿರಸ್ತೇದಾರ್, 8:44
ನೀವೂ ಬನ್ನಿ. ಆರ್‌ಸಿ ತನ್ನಿ.