ಬಳ್ಳುಳ್ಳಿ ಬೆಳೆದು ಒಂದು ಊರು ಉದ್ಧಾರ ಆಗುತ್ತಾ?

ಕೊಲ್ಹಾರದ ರೈತ:
2018ರ ಚಳಿಗಾಲದ ಒಲಿಂಪಿಕ್ಸ್‌ನಲ್ಲಿ ಕರ್ಲಿಂಗ್ (ಮಂಜುಗಡ್ಡೆ ಮೇಲೆ ಕಲ್ಲು ಜಾರಿಸೋ ಆಟ) ಬೆಳ್ಳಿ ಗೆದ್ದ ದಕ್ಷಿಣ ಕೊರಿಯಾದ ಐವರು ಹುಡುಗಿಯರಲ್ಲಿ ನಾಲ್ವರು ಬಳ್ಳುಳ್ಳಿಗೆ ಹೆಸರಾದ ಉಯಿಸೊಂಗ್ ಸೀಮೆಯವರು. ‘ಬಳ್ಳುಳ್ಳಿ ಹುಡುಗಿಯರು’ ಅಂತಲೇ ಹೆಸರಾದರು. ನಾನು ಎರಡು ಎಕರೆ ಉಳ್ಳಾಗಡ್ಡಿ ಹಾಕಿ ಗಾಡಿ ಬಾಡಿಗೆಯೂ ಹುಟ್ಟದೆ ಕೂತವನು. ಬಳ್ಳುಳ್ಳಿ ಬೆಳೆದು ಆ ಊರವರು ಹೆಸರು ಮಾಡಿದ್ದು ಹೇಗೆ? ಆ ಕಡೆ ಹೋದವರು ಇದ್ದೀರಾ?

ಇಂಡಿ ಹುಡುಗ:
ಅಣ್ಣ, ನಾನು ಪಕ್ಕದ ಡೇಗು ನಗರದಲ್ಲಿ ಓದುತ್ತಿದ್ದೆ. ಪದಕಕ್ಕೂ ಬಳ್ಳುಳ್ಳಿಗೂ ನೇರ ಸಂಬಂಧ ಇಲ್ಲ ಬಿಡಿ. 2006ರಲ್ಲಿ ಊರಿಗೆ ಕರ್ಲಿಂಗ್ ಅಂಗಳ ಬಂತು, ಶಾಲೆ ಹುಡುಗಿಯರು ಆಡಿ ಕಲಿತರು.

ನಾನು ಹೋದದ್ದು ಜೂನ್‌ನಲ್ಲಿ. ಬಳ್ಳುಳ್ಳಿ ಕಿತ್ತ ಹೊಲಕ್ಕೇ ನೀರು ನಿಲ್ಲಿಸಿ ಭತ್ತ ನಾಟಿ ಮಾಡುತ್ತಿದ್ದರು. ಭತ್ತ ಕೊಯ್ದ ಮೇಲೆ ಮತ್ತೆ ಬಳ್ಳುಳ್ಳಿ ಊರಿ, ಚಳಿಗೆ ಮಲ್ಚಿಂಗ್ ಪೇಪರ್ ಹೊದಿಸುತ್ತಾರೆ. ಒಂದೇ ಬೆಳೆ ನೆಚ್ಚಿಲ್ಲ. ಗಡ್ಡೆಗೆ ಆರೇ ದಪ್ಪ ಎಸಳು. ನಮ್ಮವ್ವ ನೋಡಿದ್ದರೆ ಸುಲಿಯೋ ಕೆಲಸ ಉಳೀತು ಅಂತಿದ್ದಳು.

ಆದರೆ ಅಲ್ಲಿ ಐದು ದಿನಕ್ಕೊಮ್ಮೆ ಸೇರೋ ಸಂತೆಯಲ್ಲಿ ನನಗೆ ಕಂಡದ್ದು ಬರೀ ಅಜ್ಜ ಅಜ್ಜಿಯರು. 1960ರ ದಶಕದಲ್ಲಿ ಆ ಸೀಮೆಯಲ್ಲಿ 2 ಲಕ್ಷಕ್ಕಿಂತ ಜಾಸ್ತಿ ಜನ ಇದ್ದರು. ಈಗ ಸುಮಾರು 50 ಸಾವಿರ. ನೂರಕ್ಕೆ 40ಕ್ಕಿಂತ ಹೆಚ್ಚು ಮಂದಿ 65 ದಾಟಿದವರು. ಹುಡುಗರು ಡೇಗು, ಗುಮಿ, ಸೋಲ್ ಅಂತ ಫ್ಯಾಕ್ಟರಿ ಹಿಡಿದು ಹೋದರು. ಉದ್ಧಾರ ಅಂದರೆ ಯಾವುದು, ನೀವೇ ಹೇಳಿ.

ಜಮಖಂಡಿ ಮಾಸ್ತರ:
ತಮ್ಮಾ, ಹಳೆಯ ಕಥೆ ಬಿಟ್ಟುಬಿಟ್ಟೆ. ಅಲ್ಲಿ 1950ರಲ್ಲೇ ಗೇಣಿದಾರನಿಗೆ ಹೊಲ ಸಿಕ್ಕಿತು. ಮೂರು ಹೆಕ್ಟೇರ್ ಮಿತಿ. ಒಂದೂವರೆ ವರ್ಷದ ಬೆಳೆಯಷ್ಟು ಬೆಲೆ, ಐದು ವರ್ಷದ ಕಂತು. ನಮ್ಮಲ್ಲಿ ಆ ಮಾತು ಬಂದದ್ದು 1974ರಲ್ಲಿ. ನಮ್ಮಪ್ಪ ಲಾವಣಿ (ಗೇಣಿ) ಹೊಲ ತನ್ನ ಹೆಸರಿಗೆ ಆಗಲಿ ಅಂತ ಫಾರ್ಮ್ 7 ಅರ್ಜಿ ತುಂಬಿ ಎಷ್ಟು ಅಲೆದನೋ!

1970ರಲ್ಲಿ ಕೊರಿಯಾ ಸರಕಾರ ಹಳ್ಳಿಗೆ ತಲಾ 335 ಚೀಲ ಸಿಮೆಂಟ್ ಕೊಟ್ಟಿತು. ದಾರಿ, ಬಾವಿ, ಏನು ಬೇಕೋ ನೀವೇ ಮಾಡಿಕೊಳ್ಳಿ ಅಂತ. ಮರು ವರ್ಷ ಚೆನ್ನಾಗಿ ಬಳಸಿದ ಹಳ್ಳಿಗಳಿಗೆ ಮಾತ್ರ 500 ಚೀಲ ಮತ್ತು ಕಬ್ಬಿಣ. ಉಳಿದವರಿಗೆ ಏನೂ ಇಲ್ಲ. ನಮ್ಮಲ್ಲಿ ಹೀಗೆ ಮಾಡಿದ್ದರೆ ಜಗಳವೇ ಆಗುತ್ತಿತ್ತು, ಅಲ್ವಾ?

ಕೊಲ್ಹಾರದ ರೈತ:
ಜಗಳ ಗ್ಯಾರಂಟಿ ಮಾಸ್ತರ್ರೇ. ನನ್ನ ಮಗನೂ ಪುಣೆಯಲ್ಲಿದ್ದಾನೆ, ಆ ಅಜ್ಜಂದಿರ ಸಾಲಿಗೆ ನಾನೂ ಸೇರಿದೆ. ಅದಿರಲಿ, ಭತ್ತಕ್ಕೆ ನೀರು ಎಲ್ಲಿಂದ? ನಮ್ಮ ಹಳೇ ಊರನ್ನು ಆಲಮಟ್ಟಿ ಹಿನ್ನೀರು ನುಂಗಿತು. ಆದರೆ ನನ್ನ ಹೊಲಕ್ಕೆ ಇನ್ನೂ ಬೋರ್‌ವೆಲ್ಲೇ ಗತಿ.

ಇಂಡಿ ಹುಡುಗ:
ಕೆರೆಯಿಂದ, ಅಣ್ಣ. ಗುಡ್ಡದ ಬುಡದಲ್ಲೆಲ್ಲ ಸಣ್ಣ ಸಣ್ಣ ಕೆರೆ ಕಟ್ಟಿಕೊಂಡಿದ್ದಾರೆ. ಪದಕ ಬಂದ ವರ್ಷವೇ ಅಲ್ಲಿನ ಸರಕಾರ ಆ ಕೆರೆ ಪದ್ಧತಿಯನ್ನು ಕೃಷಿ ಪರಂಪರೆ ಅಂತ ಗುರುತಿಸಿತು. ಅದರ ಬಗ್ಗೆ ಯಾರೂ ಮಾತಾಡಲಿಲ್ಲ.