ಸಹಾಯ ಬೇಕು: ಕೊಲೆ ಕೇಸಲ್ಲಿ ಬೇಲ್, ಮತ್ತೆ ಸೆಷನ್ಸಾ ಇಲ್ಲ ಹೈಕೋರ್ಟಾ?

ನಮಸ್ಕಾರ, ಬೆಂಗಳೂರಲ್ಲಿ ಕ್ರಿಮಿನಲ್ ಸೈಡ್ ಪ್ರಾಕ್ಟೀಸ್ ಮಾಡೋ ಲಾಯರ್‌ಗಳು ಯಾರಾದ್ರೂ ಇದ್ರೆ ಸ್ವಲ್ಪ ನೋಡಿ. ನಮ್ಮ ಚಿಕ್ಕಪ್ಪನ ಮಗ ಬಿಎನ್‌ಎಸ್ 103 (ಭಾರತೀಯ ನ್ಯಾಯ ಸಂಹಿತೆಯ ಕೊಲೆ ಸೆಕ್ಷನ್) ಕೇಸಲ್ಲಿ ಎ4 (ನಾಲ್ಕನೇ ಆರೋಪಿ), ಪರಪ್ಪನ ಅಗ್ರಹಾರದಲ್ಲಿದ್ದಾನೆ. ಸೆಷನ್ಸ್‌ನಲ್ಲಿ ಬೇಲ್ ಹಾಕಿದ್ವಿ, ತನಿಖೆ ಇನ್ನೂ ನಡೀತಿದೆ ಸಾಕ್ಷಿಗಳನ್ನ ಹೆದರಿಸಬಹುದು ಅಂತ ರಿಜೆಕ್ಟ್ ಆಯ್ತು. 90 ದಿನದೊಳಗೆ ಚಾರ್ಜ್‌ಶೀಟ್ ಹಾಕದಿದ್ರೆ ಡೀಫಾಲ್ಟ್ ಬೇಲ್ ಸಿಗುತ್ತೆ ಅಂತ ಕಾಯ್ತಿದ್ವಿ, ಪೊಲೀಸ್ನೋರು ಅದಕ್ಕೂ ಮುಂಚೆನೇ ಹಾಕ್ಬಿಟ್ರು, ಆ ದಾರಿನೂ ಮುಚ್ಚೋಯ್ತು.

ಈಗ ಕಾಪಿ ಓದಿದ್ರೆ ಕಣ್ಣಾರೆ ನೋಡಿದವರ ಹೇಳಿಕೆಯಲ್ಲಿ ಮಚ್ಚು ಬೀಸಿದ್ದು ಎ1, ಎ2 ಅಂತಿದೆ, ಇವನ ಬಗ್ಗೆ ಒಂದೇ ಸಾಲು, 'ಬೈಕ್ ಸ್ಟಾರ್ಟ್ ಮಾಡ್ಕೊಂಡು ನಿಂತಿದ್ದ' ಅಂತ (ಅದೇನು ಸಣ್ಣ ಮಾತಲ್ಲ, ಸಮಾನ ಉದ್ದೇಶ ಅಂತ ಅದೇ ಸಂಹಿತೆಯ ಸೆಕ್ಷನ್ 3(5) ಸೇರಿಸಿದ್ದಾರೆ). ನಮ್ಮ ಲಾಯರ್ ಸರ್, ಚಾರ್ಜ್‌ಶೀಟ್ ಬಂದಿರೋದೇ ಬದಲಾದ ಸನ್ನಿವೇಶ, ಸೆಷನ್ಸಲ್ಲೇ ಇನ್ನೊಂದ್ಸಲ ಹಾಕೋಣ ಅಂತಾರೆ. ಗೊತ್ತಿರೋ ಇನ್ನೊಬ್ರು, ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 483ರಲ್ಲಿ ಬೇಲ್ ಕೊಡೋಕೆ ಎರಡೂ ಕೋರ್ಟಿಗೂ ಪವರ್ ಇದೆ, ಸುಮ್ನೆ ಟೈಮ್ ವೇಸ್ಟ್ ಮಾಡ್ಬೇಡಿ, ನೇರ ಹೈಕೋರ್ಟಿಗೆ ಹೋಗಿ ಅಂತಾರೆ. ಚಿಕ್ಕಮ್ಮ ನನ್ನ ಮುಖ ನೋಡ್ತಾರೆ, ಏನಂತ ಹೇಳ್ಲಿ.

ಸೆಷನ್ಸಲ್ಲಿ ಎರಡನೇ ಸಲವೂ ರಿಜೆಕ್ಟ್ ಆದ್ರೆ ಹೈಕೋರ್ಟಲ್ಲಿ ಅದು ನಮಗೆ ಮೈನಸ್ ಆಗುತ್ತಾ, ಅಥವಾ ಈಗ್ಲೇ ನೇರ ಹೈಕೋರ್ಟಿಗೆ ಹಾಕೋದೇ ವಾಸಿನಾ?