ಬ್ಯಾಡಗಿ ಮಾಲಿಗೆ 15% ಕಡಿತ: ಮುರಕೊಂಡ ರೊಕ್ಕ ವಸೂಲಿ ಹೆಂಗ?

ಕೇಳಿದವರು: ಮೆಣಸಿನಕಾಯಿ ವ್ಯಾಪಾರಿ, ಬ್ಯಾಡಗಿ
ಹೊರರಾಜ್ಯದ ಮಸಾಲಿ ಫ್ಯಾಕ್ಟರಿಗೆ 80 ಕ್ವಿಂಟಲ್ ಕಡ್ಡಿ ತಳಿ ಒಣಮೆಣಸಿನಕಾಯಿ ಕಳಿಸೇವ್ರಿ, ಕ್ವಿಂಟಲ್‌ಗೆ ₹28,000. ಸ್ಯಾಂಪಲ್ ನೋಡೇ ಒಪ್ಪಿದ್ರು. ಪರ್ಚೇಸ್ ಆರ್ಡರ್‌ನ್ಯಾಗ ತೇವಾಂಶ 10% ಅಂತ ಐತಿ. ಮಾಲು ಇಳಿಸಿಕೊಂಡು 22 ದಿನ ಆದ ಮ್ಯಾಲೆ ‘ತೇವ 13% ಬಂದೈತಿ’ ಅಂತ ವಾಟ್ಸಾಪ್ ಹಾಕಿ, 15% ಮುರಕೊಂಡು ಉಳಿದದ್ದು ಕಳಿಸ್ಯಾರ. ₹3,36,000 ಬಾಕಿ. ‘ಲೆಕ್ಕ ಚುಕ್ತಾ’ ಅಂತ ಸಹಿ ಮಾಡಿ ಕೊಟ್ರ ಮುಂದಿನ ಆರ್ಡರ್ ಕೊಡತೀವಿ ಅಂತಾರ. ಸ್ಟಾಂಪ್ ಪೇಪರ್ ಕರಾರು ಇಲ್ಲ. ಕೇಸು ನಿಲ್ಲತೈತೇನ್ರಿ?

ವಕೀಲರು, ಹುಬ್ಬಳ್ಳಿ
ಮೊದಲು ಆ ಚುಕ್ತಾ ಪತ್ರಕ್ಕೆ ಸಹಿ ಹಾಕಬೇಡಿ. ಕಡಿಮೆ ಹಣ ಪಡೆದು ಉಳಿದದ್ದನ್ನು ಬಿಟ್ಟುಕೊಡಲು ಕರಾರು ಕಾಯ್ದೆಯ 63ನೇ ಕಲಮಿನಲ್ಲಿ ಅವಕಾಶವಿದೆ. ನಿಮ್ಮ ಸಹಿ ಬಿದ್ದರೆ ಅವರ ವಕೀಲರು ಅದೊಂದೇ ಹಾಳೆ ಹಿಡಿದು ನಿಲ್ಲುತ್ತಾರೆ. ಬಂದ ಹಣಕ್ಕೆ ‘ಬಾಕಿಯ ಹಕ್ಕು ಉಳಿಸಿಕೊಂಡು, ಭಾಗಶಃ ಜಮೆ’ ಎಂದು ಇವತ್ತೇ ಇ-ಮೇಲ್ ಹಾಕಿ.

ಸ್ಟಾಂಪ್ ಪೇಪರ್ ಇಲ್ಲದಿದ್ದರೂ ಕರಾರು ಇದೆ. ಪರ್ಚೇಸ್ ಆರ್ಡರ್, ಇನ್‌ವಾಯ್ಸ್, ಲಾರಿ ರಸೀದಿ, ಇ-ವೇ ಬಿಲ್ ಸೇರಿದರೆ ಸಾಕು.

ನಿಮ್ಮ ಪ್ರಕರಣದ ಜೀವ ಆ 22 ದಿನಗಳಲ್ಲಿದೆ. 1930ರ ಸರಕು ಮಾರಾಟ ಕಾಯ್ದೆಯ 41ನೇ ಕಲಮು ಮಾಲು ಪರೀಕ್ಷಿಸಿ ನೋಡಲು ಕೊಳ್ಳುವವರಿಗೆ ಅವಕಾಶ ಕೊಡುತ್ತದೆ. ಆದರೆ ಬೇಡವೆಂದು ತಿಳಿಸದೆ ವಾಜಬಿ ಅವಧಿ ಮೀರಿ ಇಟ್ಟುಕೊಂಡರೆ, ಅಥವಾ ತಮ್ಮದೇ ಮಾಲಿನಂತೆ ಬಳಸಿದರೆ, 42ನೇ ಕಲಮಿನ ಪ್ರಕಾರ ಅದು ಸ್ವೀಕಾರ. ಅವರು ಮೆಣಸಿನಕಾಯಿ ಗಿರಣಿಗೆ ಹಾಕಿದ್ದಾರೆಯೇ, ವಿಚಾರಿಸಿ. ಹಾಕಿದ್ದರೆ ತಿರಸ್ಕರಿಸುವ ಹಕ್ಕು ಹೋಯಿತು. ಉಳಿಯುವುದು 59ನೇ ಕಲಮು: ಗುಣಮಟ್ಟದ ಕೊರತೆಯಿಂದ ಆದ ನಷ್ಟದಷ್ಟು ಬೆಲೆಯಲ್ಲಿ ಕಡಿತ ಕೇಳಬಹುದು. ಆ ನಷ್ಟ ಎಷ್ಟೆಂದು ತೋರಿಸುವ ಹೊರೆ ಅವರ ಮೇಲಿದೆ. 15% ಎಂಬುದು ಎಲ್ಲಿಂದ ಬಂತು ಎಂದು ಲಿಖಿತವಾಗಿ ಕೇಳಿ.

ದಲಾಲಿ ಅಂಗಡಿ ಲೆಕ್ಕದವರು, ಬ್ಯಾಡಗಿ
ವಕೀಲ ಸಾಹೇಬ್ರ ಮಾತಿಗೆ ಲೆಕ್ಕ ಕೂಡಸ್ತೀನ್ರಿ. ತೇವ 13% ಅಂತನ ಹಿಡೀರಿ. 80 ಕ್ವಿಂಟಲ್‌ನ್ಯಾಗ ಒಣಮಾಲು 69.6 ಕ್ವಿಂಟಲ್. 10% ತೇವ ಇದ್ದಿದ್ರ 72 ಇರತಿತ್ತು. ಅಂದ್ರ ಅವರಿಗೆ ಮುಟ್ಟಿದ್ದು 10% ತೇವದ 77.33 ಕ್ವಿಂಟಲ್ ಮಾಲಿಗೆ ಸಮ. ಕಡಿಮಿ ಆಗಿದ್ದು 2.67 ಕ್ವಿಂಟಲ್, ₹28,000ದಂಗ ಸುಮಾರು ₹74,667. ಅವರು ಮುರದಿದ್ದು ₹3,36,000! ನೀರಿನ ಲೆಕ್ಕ 3.3%ಕ್ಕ ಮುಗೀತದ, ಉಳಿದದ್ದಕ್ಕ ಅವರು ಬ್ಯಾರೆ ಕಾರಣ ತೋರಿಸಬೇಕು. ಬೂಷ್ಟು ಹಿಡದಿತ್ತು, ಮತ್ತ ಒಣಗಸಾಕ ಕೂಲಿ ಹೋತು ಅಂದ್ರ ಬಿಲ್ಲು ಕೇಳ್ರಿ. ಒಂದು ಮಾತು ಮರಿಬ್ಯಾಡ್ರಿ: ಇಡೀ ಮೆಣಸಿನಕಾಯಿಗೆ ಆಹಾರ ಸುರಕ್ಷತಾ ನಿಯಮದಾಗ ತೇವಾಂಶದ ಮಿತಿ 11%. ಅದನ್ನ ಅವರು ಎತ್ತತಾರ.

ಇನ್ನ ಆ 13% ಅಳದಿದ್ದು ಹೆಂಗ? ಮೆಣಸಿನಕಾಯಿ ಸುತ್ತಲಿನ ಗಾಳಿ ತೇವ ಹೀರತೈತಿ. ಸಮುದ್ರದ ದಂಡಿ ಊರಾಗ, ಮಳಿಗಾಲದಾಗ, ಗೋಣಿಚೀಲದಾಗ 22 ದಿನ ಇಟ್ಟು ಅಳದ್ರ ಅದು ಅವರ ಗೋದಾಮಿನ ತೇವ, ನಿಮ್ಮ ಲಾರಿದಲ್ಲ. ಕೈ ಮೀಟರ್‌ಲೆ ನೋಡಿದ್ದೋ, ಲ್ಯಾಬ್‌ನ್ಯಾಗ ಟೊಲ್ಯೂಯೀನ್ ಅನ್ನೂ ದ್ರಾವಕ ಹಾಕಿ ಭಟ್ಟಿ ಇಳಿಸಿದ್ದೋ ಅನ್ನೂದನ್ನೂ ಕೇಳ್ರಿ. ಮಸಾಲಿ ಪದಾರ್ಥಕ್ಕ ಈ ಭಟ್ಟಿ ಪದ್ಧತಿನ ಸರಿ. ಒವನ್‌ನ್ಯಾಗ ಒಣಗಿಸಿದ್ರ ಎಣ್ಣಿ ಅಂಶನೂ ಹಾರಿ ಹೋಗಿ ತೇವ ಹೆಚ್ಚ ತೋರಸ್ತದ. ವರದಿಯೊಳಗ ಸ್ಯಾಂಪಲ್ ತಗದ ದಿನ, ಎಷ್ಟು ಚೀಲದಾಗಿಂದ, ಯಾರ ಎದುರಿಗೆ ಅನ್ನೂದು ಇಲ್ಲಾಂದ್ರ ಅದರ ತೂಕ ಅರ್ಧ.

ಗದಗ
ಉದ್ಯಮ್ (ಸಣ್ಣ ಉದ್ದಿಮೆ) ನೋಂದಣಿ ಇದ್ರ ಸರ್ಕಾರದ ತಡ ಪಾವತಿ ದೂರಿನ ಪೋರ್ಟಲ್‌ನ್ಯಾಗ ಹಾಕ್ರಿ, 45 ದಿನ ದಾಟಿದ್ರ ಬ್ಯಾಂಕ್ ದರದ ಮೂರು ಪಟ್ಟು ಚಕ್ರಬಡ್ಡಿ ಸಿಗತೈತಿ.

ಚಾರ್ಟರ್ಡ್ ಅಕೌಂಟೆಂಟ್, ಧಾರವಾಡ
ಈ ಸಲಹೆ ಇವರಿಗೆ ಹೊಂದುವುದಿಲ್ಲ. 2021ರ ಜುಲೈನಿಂದ ಸಗಟು, ಚಿಲ್ಲರೆ ವ್ಯಾಪಾರಿಗಳಿಗೂ ಉದ್ಯಮ್ ಸಿಗುತ್ತಿದೆ. ಆದರೆ ಅವರಿಗೆ ಲಾಭ ಆದ್ಯತಾ ವಲಯದ ಸಾಲಕ್ಕೆ ಮಾತ್ರ, ತಡವಾದ ಪಾವತಿಯ ಬಡ್ಡಿಗಲ್ಲ. ಕೊಂಡು ಮಾರುವವರು ಆ ದಾರಿ ಹಿಡಿದರೆ ತಿಂಗಳುಗಟ್ಟಲೆ ವ್ಯರ್ಥ. ಪುಡಿ ಮಾಡಿ ಮಾರುವ ಘಟಕದವರ ಮಾತು ಬೇರೆ, ಆಗಲೂ ಮಾಲು ಕಳಿಸುವ ಮೊದಲೇ ನೋಂದಣಿ ಆಗಿರಬೇಕು.

ಅವರು ಡೆಬಿಟ್ ನೋಟ್ (ಇಷ್ಟು ಮುರಿದಿದ್ದೇವೆ ಎಂಬ ಚೀಟಿ) ಕಳಿಸಿದ್ದರೆ ಸುಮ್ಮನೆ ಖಾತೆಯಲ್ಲಿ ಹೊಂದಿಸಬೇಡಿ, ‘ಒಪ್ಪಿಲ್ಲ’ ಎಂದು ಬರೆದು ತಿಳಿಸಿ. ‘ಜಿಎಸ್‌ಟಿಯಾದರೂ ಉಳಿಯಲಿ’ ಎಂದು ಕಡಿತದ ಪೂರ್ತಿ ಮೊತ್ತಕ್ಕೆ ಕ್ರೆಡಿಟ್ ನೋಟ್ (ಬಿಲ್ಲಿನ ಮೊತ್ತ ಇಳಿಸುವ ಚೀಟಿ) ಕೊಟ್ಟರೆ, ಬೆಲೆ ಇಳಿದಿದೆ ಎಂದು ನೀವೇ ಒಪ್ಪಿಕೊಂಡಂತೆ. ಮಾರ್ಚ್ ಅಂತ್ಯಕ್ಕೆ ಅವರು ಸಹಿ ಮಾಡಿ ಬಾಕಿ ದೃಢೀಕರಿಸಿದರೆ ಆ ಕಾಗದ ಜೋಪಾನ: ದಾವೆ ಹೂಡುವ ಗಡುವಿನೊಳಗಿನ ಲಿಖಿತ ಒಪ್ಪಿಗೆಯಿಂದ ಮೂರು ವರ್ಷದ ಲೆಕ್ಕ ಹೊಸದಾಗಿ ಶುರುವಾಗುತ್ತದೆ.

ಕೇಳಿದವರು
ಹಂಗಾರ ನೇರ ಕೋರ್ಟಿಗೆ ಹೋಗೋಣೇನ್ರಿ? ಬಿಲ್ಲಿನ ಮ್ಯಾಲೆ ‘ಹಾವೇರಿ ನ್ಯಾಯವ್ಯಾಪ್ತಿ’ ಅಂತ ಅಚ್ಚು ಐತಿ.

ವಕೀಲರು, ಹುಬ್ಬಳ್ಳಿ
ನೇರ ಹೋದರೆ ದಾವೆ ಬಾಗಿಲಲ್ಲೇ ಬೀಳುತ್ತದೆ. ₹3 ಲಕ್ಷ ಮತ್ತು ಮೇಲಿನ ಸರಕು ಮಾರಾಟದ ತಂಟೆ ವಾಣಿಜ್ಯ ವ್ಯಾಜ್ಯ. ತುರ್ತು ತಡೆಯಾಜ್ಞೆ ಬೇಡದಿದ್ದರೆ ವಾಣಿಜ್ಯ ನ್ಯಾಯಾಲಯಗಳ ಕಾಯ್ದೆಯ 12ಎ ಕಲಮಿನಂತೆ ಮೊದಲು ಮಧ್ಯಸ್ಥಿಕೆಗೆ ಹೋಗಬೇಕು. ಇದು ಕಡ್ಡಾಯವೆಂದು ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. ಅರ್ಜಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ, ಶುಲ್ಕ ₹1,000. ಅವಧಿ ಮೂರು ತಿಂಗಳು, ಇಬ್ಬರೂ ಒಪ್ಪಿದರೆ ಇನ್ನೆರಡು. ಎದುರಿನವರು ಬರದೇ ಇದ್ದರೆ ಅದರ ವರದಿ ಸಿಗುತ್ತದೆ, ಅದನ್ನು ಲಗತ್ತಿಸಿ ದಾವೆ ಹೂಡಿ. ಈ ಸಮಯ ಕಾಲಮಿತಿಗೆ ಲೆಕ್ಕವಿಲ್ಲ. ಉಧಾರ ಅವಧಿ ಗೊತ್ತು ಮಾಡಿದ್ದರೆ ಅದು ಮುಗಿದ ದಿನದಿಂದ, ಇಲ್ಲವಾದರೆ ಮಾಲು ಮುಟ್ಟಿಸಿದ ದಿನದಿಂದ ಮೂರು ವರ್ಷ.

ಬಿಲ್ಲಿನ ಅಚ್ಚನ್ನು ಅತಿಯಾಗಿ ನಂಬಬೇಡಿ. ಅವರು ಸಹಿ ಮಾಡಿರದಿದ್ದರೆ ‘ಒಪ್ಪಿರಲಿಲ್ಲ’ ಎನ್ನುತ್ತಾರೆ. ಹಾವೇರಿಯಲ್ಲೇ ದಾವೆ ಹೂಡಲು ಅದಕ್ಕಿಂತ ಗಟ್ಟಿ ಆಧಾರ, ಮಾಲು ಬ್ಯಾಡಗಿಯಲ್ಲೇ ಲಾರಿಗೆ ಒಪ್ಪಿಸಿದ್ದು. ಲಾರಿಗೆ ಕೊಟ್ಟದ್ದು ಸಾಮಾನ್ಯವಾಗಿ ಕೊಳ್ಳುವವರಿಗೆ ಕೊಟ್ಟಂತೆ. ‘ನಮ್ಮ ಗೋದಾಮಿಗೆ ಮುಟ್ಟಿಸಬೇಕು’ ಎಂದು ಆರ್ಡರ್‌ನಲ್ಲಿ ಇದೆಯೇ, ನೋಡಿ.

ವಾಟ್ಸಾಪ್‌ಗೆ ಸ್ಕ್ರೀನ್‌ಶಾಟ್ ಸಾಲದು. ಆ ಫೋನನ್ನು ಮಾರಬೇಡಿ, ರೀಸೆಟ್ ಮಾಡಬೇಡಿ. ಹೊಸ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಬೇಕು, ಅದರಲ್ಲಿ ನಿಮ್ಮದೊಂದು ಭಾಗ, ತಜ್ಞರದೊಂದು ಭಾಗ.

ನನ್ನ ಅಭಿಪ್ರಾಯ: ಅವರ ವರದಿ ಸರಿಯಾಗಿದ್ದರೆ ಮಧ್ಯಸ್ಥಿಕೆಯಲ್ಲಿ ಆ ₹75,000ದ ಸುತ್ತ ಬಿಟ್ಟು ಮುಗಿಸುವುದು ಲಾಭ.

ದಲಾಲಿ ಅಂಗಡಿ ಲೆಕ್ಕದವರು, ಬ್ಯಾಡಗಿ
ಮುಂದಿನ ಲೋಡಿಗೆ: ಮ್ಯಾಲಿನ, ನಡುವಿನ, ತಳದ ಚೀಲದಾಗಿಂದ ತಗದು ಕಲಸಿ ಮೂರು ಪಾಕೀಟು ಮಾಡ್ರಿ, ದಪ್ಪ ಪ್ಲಾಸ್ಟಿಕ್‌ನ್ಯಾಗ ಸೀಲ್ ಮಾಡಿ ಲಾರಿ ರಸೀದಿ ನಂಬರ್ ಬರೀರಿ. ಒಂದು ಅವರಿಗೆ, ಒಂದು ನಿಮಗ, ಒಂದು ಲ್ಯಾಬಿಗೆ. ಆರ್ಡರ್‌ನ್ಯಾಗ ‘ತಕರಾರು ಇದ್ರ ಮಾಲು ಮುಟ್ಟಿದ 48 ತಾಸಿನೊಳಗ, ಪ್ರತಿ 1% ಹೆಚ್ಚುವರಿ ತೇವಕ್ಕ ಇಷ್ಟೇ ಕಡಿತ’ ಅಂತ ಬರೆಸಿ ಸಹಿ ತಗೋರಿ.